ಕಡಲು ಕಳೆದುಕೊಂಡ ಮೈಸೂರು



ಮಂಗಳೂರು ಒಂದು ಕಾಲಕ್ಕೆ ಮೈಸೂರಿನ ಬಂದರಾಗಿತ್ತು. ನಮ್ಮ ಜಯನಗರ, ಬನಶಂಕರಿ, ಜೆ.ಪಿ. ನಗರದ ಮನೆಗಳಲ್ಲಿ ಬೆಳೆದ ಮಕ್ಕಳಿಗೆ ಹಳೇ ಮೈಸೂರು ಎಂದರೆ ರಾಗಿಹೊಲ, ಕೆರೆ, ಕಲ್ಲುಬಂಡೆಗಳ ನಾಡು. ಸಮುದ್ರ ನೋಡಬೇಕೆಂದರೆ ಘಟ್ಟ ಇಳಿದು ಬೇರೆಯದೇ ಸೀಮೆಗೆ ಹೋಗಬೇಕು ಎಂಬ ಭಾವನೆ. ಆದರೆ ಹೈದರಾಲಿ 1763ರಲ್ಲಿ ಕರಾವಳಿಯನ್ನೂ ಆಳುತ್ತಿದ್ದ ಬಿದನೂರನ್ನು ಗೆದ್ದ ಮೇಲೆ ಮೂವತ್ತಾರು ವರ್ಷ ಮೈಸೂರು ಕಡಲಿನ ರಾಜ್ಯವೇ ಆಗಿತ್ತು. ಅದೇ ಹೈದರಾಲಿ 1760ರಲ್ಲಿ ಶುರು ಮಾಡಿದ ತೋಟ ಇಂದಿನ ಜಯನಗರದ ಅಂಚಿನಲ್ಲಿರುವ ಲಾಲ್‌ಬಾಗ್. ಅವನೂ ಅವನ ಮಗ ಟಿಪ್ಪುವೂ ಆ ತೋಟಕ್ಕೆ ದೂರದೂರದ ದೇಶಗಳಿಂದ ಸಸಿ, ಬೀಜ ತರಿಸಿದರು. ಹೊರನಾಡಿನೊಡನೆ ಕೊಡು-ಕೊಳ್ಳು ನಡೆಸಲು ಆಗ ಮೈಸೂರಿಗೆ ತನ್ನದೇ ಬಾಗಿಲುಗಳಿದ್ದವು. ಆ ಬಾಗಿಲುಗಳು ಹೇಗೆ ಹೋದವು, ಹೋದದ್ದರಿಂದ ನಮ್ಮ ಚಿನ್ನಕ್ಕೆ, ನಮ್ಮ ವಿದ್ಯುತ್ತಿಗೆ, ನಮ್ಮ ರೇಷ್ಮೆಗೆ ಏನಾಯಿತು ಎಂಬುದನ್ನು ಇಂದು ನಿಮ್ಮ ಮುಂದೆ ಇಡಬೇಕೆಂದಿದ್ದೇನೆ. ಬಲವುಳ್ಳ ದೇಶ ಬಡದೇಶದ ವ್ಯವಹಾರದಲ್ಲಿ ಕೈಹಾಕುವಾಗ ಅದರ ಹಿಂದೆ ಯಾವ ಲಾಭದ ಲೆಕ್ಕವಿರುತ್ತದೆ ಎಂದು ತಿಳಿಯಲು ನಾವು ಪರದೇಶದ ಉದಾಹರಣೆ ಹುಡುಕಿಕೊಂಡು ಹೋಗಬೇಕಾಗಿಲ್ಲ.

ಮೊದಲು ಕಾಳುಮೆಣಸಿನ ವಿಷಯ. ಹದಿನೆಂಟನೆಯ ಶತಮಾನದಲ್ಲಿ ಇಂಗ್ಲಿಷರ ಈಸ್ಟ್ ಇಂಡಿಯಾ ಕಂಪನಿಗೆ ಮಲಬಾರಿನ ತಲಶ್ಶೇರಿಯಲ್ಲಿ ಒಂದು ಕೋಠಿ ಇತ್ತು. ಅಲ್ಲಿ ಕೊಂಡ ಮೆಣಸು ಯೂರೋಪಿಗೂ ಹೋಗುತ್ತಿತ್ತು, ಚೀನಾಕ್ಕೂ ಹೋಗುತ್ತಿತ್ತು. ಚೀನಾದ ಕ್ಯಾಂಟನ್ನಿನಲ್ಲಿ ಚಹಾ ಕೊಳ್ಳಬೇಕಾದರೆ ಬೆಳ್ಳಿ ಎಣಿಸಬೇಕು. ಬೆಳ್ಳಿಗೆ ಬದಲು ಮೆಣಸು, ಶ್ರೀಗಂಧ ಕೊಟ್ಟರೆ ಅಷ್ಟು ಬೆಳ್ಳಿ ಉಳಿಯಿತು. ಮುಂಬಯಿಯ ಕಂಪನಿ ನೌಕರರು ಕಂಪನಿಯ ಕೆಲಸದ ಜೊತೆಗೆ ಸ್ವಂತ ವ್ಯಾಪಾರವನ್ನೂ ಮಾಡುತ್ತಿದ್ದರು, ಅವರ ಗಂಟೂ ಇದರಲ್ಲಿತ್ತು. ಟಿಪ್ಪು ಸುಲ್ತಾನ್ ಮೆಣಸು, ಏಲಕ್ಕಿ, ಗಂಧವನ್ನು ಸರ್ಕಾರದ ಏಕಸ್ವಾಮ್ಯ ಮಾಡಿಕೊಂಡ. ಕಂಪನಿಗೆ ಮಾಲು ಸಿಗದಂತೆ ದಾರಿ ಕಟ್ಟಿದ. ಮಸ್ಕತ್‌ನಲ್ಲಿ, ಕಛ್‌ನಲ್ಲಿ ಮೈಸೂರಿನದೇ ಕೋಠಿಗಳನ್ನು ತೆರೆದ. ಟಿಪ್ಪುವಿನ ಆಳ್ವಿಕೆಯ ಬಗ್ಗೆ ನಮ್ಮಲ್ಲಿ ಒಮ್ಮತವಿಲ್ಲ. ಕೊಡವರ, ಮಂಗಳೂರಿನ ಕ್ರೈಸ್ತರ ಮನೆಗಳಲ್ಲಿ ಉಳಿದಿರುವ ನೋವಿನ ನೆನಪನ್ನು ಅಲ್ಲಗಳೆಯುವ ಹಕ್ಕು ಯಾರಿಗೂ ಇಲ್ಲ. ಆದರೆ ಕಂಪನಿಯ ಸೈನ್ಯ ಘಟ್ಟ ಹತ್ತಿ ಬಂದದ್ದು ಆ ನೋವನ್ನು ಒರೆಸಲೆಂದೇ ಎಂದು ನಂಬುವವರು, ಯುದ್ಧ ಮುಗಿದ ಮೇಲೆ ಅದು ಏನನ್ನು ತೆಗೆದುಕೊಂಡು ಹೋಯಿತು ಎಂಬುದನ್ನೂ ನೋಡಬೇಕು.

1789ರ ಡಿಸೆಂಬರಿನಲ್ಲಿ ಟಿಪ್ಪು ತಿರುವಾಂಕೂರಿನ ಮೇಲೆ ಏರಿಹೋದ. ತಿರುವಾಂಕೂರು ಕಂಪನಿಯ ಮಿತ್ರರಾಜ್ಯ. ಮಿತ್ರನ ರಕ್ಷಣೆಗೆ ನಿಂತಿದ್ದೇವೆ ಎಂದು ಕಂಪನಿ ಹೇಳಿದ್ದು ಸುಳ್ಳಲ್ಲ. ಕಂಪನಿಯ ಗವರ್ನರ್ ಜನರಲ್ ಲಾರ್ಡ್ ಕಾರ್ನ್‌ವಾಲಿಸ್ 1791ರ ಮಾರ್ಚಿನಲ್ಲಿ ಬೆಂಗಳೂರಿಗೆ ಮುತ್ತಿಗೆ ಹಾಕಿ 7ರಂದು ಪೇಟೆಯನ್ನು, 21ರ ರಾತ್ರಿ ಕೋಟೆಯನ್ನು ಹಿಡಿದ. ಮರುವರ್ಷ ಶ್ರೀರಂಗಪಟ್ಟಣದ ಒಪ್ಪಂದವಾಯಿತು. ಮೈಸೂರು ತನ್ನ ಅರ್ಧ ರಾಜ್ಯವನ್ನೂ 3 ಕೋಟಿ 30 ಲಕ್ಷ ರೂಪಾಯಿಯನ್ನೂ ಕೊಡಬೇಕಾಯಿತು. ಹಣ ತೀರುವವರೆಗೆ ಟಿಪ್ಪುವಿನ ಇಬ್ಬರು ಮಕ್ಕಳು ಒತ್ತೆಯಾಳುಗಳು. ನಿಜಾಮರಿಗೂ ಮರಾಠರಿಗೂ ಪಾಲು ಸಿಕ್ಕಿತು. ಕಂಪನಿ ತನ್ನ ಪಾಲಿಗೆ ಆರಿಸಿಕೊಂಡ ಜಾಗಗಳಲ್ಲಿ ಮಲಬಾರ್ ಇತ್ತು. ಮೆಣಸಿನ ಬಳ್ಳಿ ಹಬ್ಬಿದ ನೆಲವೇ ಅದು.

ಏಳು ವರ್ಷದ ನಂತರ, 1799ರ ಮೇ 4ರಂದು ಶ್ರೀರಂಗಪಟ್ಟಣ ಬಿತ್ತು. ಈ ಸಲ ಹೇಳಿದ ಕಾರಣ ಫ್ರೆಂಚರ ಜೊತೆ ಟಿಪ್ಪುವಿನ ಸಂಬಂಧ. ಅದೂ ಕಟ್ಟುಕಥೆಯಲ್ಲ. ಗೆದ್ದ ಮೇಲೆ ಗವರ್ನರ್ ಜನರಲ್ ವೆಲ್ಲೆಸ್ಲಿ ಹಳೆಯ ರಾಜಮನೆತನವನ್ನು ಮತ್ತೆ ಸಿಂಹಾಸನದ ಮೇಲೆ ಕೂರಿಸಿದ. ಮುಮ್ಮಡಿ ಕೃಷ್ಣರಾಜ ಒಡೆಯರಿಗೆ ಆಗ ಐದು ವರ್ಷವೂ ತುಂಬಿರಲಿಲ್ಲ. ಪಠ್ಯಪುಸ್ತಕಗಳು ನಮಗೆ ಇಷ್ಟನ್ನು ಹೇಳುತ್ತವೆ. ಜೊತೆಗೇ ನಡೆದ ಇನ್ನೊಂದು ಸಂಗತಿಗೆ ಅವು ಅಷ್ಟು ಮಹತ್ವ ಕೊಡುವುದಿಲ್ಲ: ಕನ್ನಡ ಜಿಲ್ಲೆಯ ಇಡೀ ಕರಾವಳಿ ಕಂಪನಿಗೆ ಹೋಯಿತು. ಮಂಗಳೂರು, ಹೊನ್ನಾವರ, ಕಾರವಾರದ ತೀರ, ಎಲ್ಲವೂ. ಫ್ರೆಂಚರು ಇಳಿಯದಿರಲಿ ಎಂಬ ಸೈನಿಕ ಕಾರಣ ಇದಕ್ಕಿತ್ತು. ಆದರೆ ಬಂದರು ಹಿಡಿದವನ ಕೈಯಲ್ಲಿ ಸುಂಕದ ಕಟ್ಟೆಯೂ ಇರುತ್ತದೆ. ಅಂದಿನಿಂದ ಮೈಸೂರಿನ ರೈತ ಬೆಳೆದದ್ದು ಯಾವ ದಿಕ್ಕಿಗೆ ಹೋದರೂ ಸಮುದ್ರ ಮುಟ್ಟುವ ಮುನ್ನ ಬೇರೆಯವರ ಗಡಿ ದಾಟಬೇಕಾಯಿತು. ಕಡಲ ಸುಂಕದ ಹಣ ಬೇರೆಯವರ ಖಜಾನೆಗೆ ಸೇರಿತು.

ಅದೇ ವರ್ಷ ಜುಲೈ 8ರ ಸಹಾಯಕ ಸೈನ್ಯ ಒಪ್ಪಂದದಲ್ಲಿ ಇನ್ನೊಂದು ಕಟ್ಟು ಬಿತ್ತು. ಮೈಸೂರಿನ ರಕ್ಷಣೆಗೆ ಕಂಪನಿ ಸೈನ್ಯ ಇಡುತ್ತದೆ, ಅದಕ್ಕಾಗಿ ಮೈಸೂರು ವರ್ಷಕ್ಕೆ 7 ಲಕ್ಷ ಸ್ಟಾರ್ ಪಗೋಡ, ಅಂದರೆ 24.5 ಲಕ್ಷ ರೂಪಾಯಿ ಪೊಗದಿ ಕೊಡಬೇಕು. ಸಂಸ್ಥಾನದ ಹುಟ್ಟುವಳಿಯ ಬಹು ದೊಡ್ಡ ಪಾಲು ಅದು. ಆ ಹಣ ನಿಲ್ಲಬಹುದು ಎಂಬ ಭಯ ಗವರ್ನರ್ ಜನರಲ್‌ಗೆ ಉಂಟಾದರೆ ರಾಜ್ಯದ ಆಡಳಿತವನ್ನೇ ಕೈಗೆ ತೆಗೆದುಕೊಳ್ಳಬಹುದು ಎಂಬ ಕಲಮೂ ಒಪ್ಪಂದದಲ್ಲಿತ್ತು. ನಿಂತರೆ ಎಂದಲ್ಲ, ನಿಲ್ಲಬಹುದು ಎಂಬ ಭಯ ಉಂಟಾದರೆ ಸಾಕು. 1830ರಲ್ಲಿ ಕಂದಾಯದ ಹೊರೆ ತಾಳಲಾರದೆ ಹಳೆಯ ಬಿದನೂರಿನ ನಗರ ಸೀಮೆಯ ರೈತರು ದಂಗೆ ಎದ್ದರು. ಕಂದಾಯ ವಸೂಲಿಯನ್ನು ಶರ್ತಿನ ಮೇಲೆ ಬಿಟ್ಟುಕೊಟ್ಟ ಪದ್ಧತಿ ಹಳ್ಳಿಗಳನ್ನು ಹಿಂಡಿತ್ತು. ಅರಮನೆಯ ದುಂದಿನ ಪಾಲೂ ಇತ್ತು. ಆದರೆ ಪ್ರತಿವರ್ಷ ತಪ್ಪದೆ ಹೊರಗೆ ಹೋಗುತ್ತಿದ್ದ ಪೊಗದಿಯನ್ನು ಬಿಟ್ಟು ಆ ಹೊರೆಯ ಮಾತಾಡುವುದು ನ್ಯಾಯವಲ್ಲ. 1831ರಲ್ಲಿ ಗವರ್ನರ್ ಜನರಲ್ ವಿಲಿಯಂ ಬೆಂಟಿಂಕ್ ಆ ಕಲಮನ್ನು ಮುಂದೆ ಮಾಡಿ ಮೈಸೂರನ್ನು ವಹಿಸಿಕೊಂಡ. ಕಮಿಷನರುಗಳ ಆಡಳಿತ ಐವತ್ತು ವರ್ಷ ನಡೆಯಿತು. ಮಾರ್ಕ್ ಕಬ್ಬನ್, ಲೂಯಿನ್ ಬೌರಿಂಗ್ ಒಳ್ಳೆಯ ಆಡಳಿತಗಾರರೇ. ಅವರು ರಸ್ತೆ ಮಾಡಿಸಿದರು, ದಫ್ತರ ಅಚ್ಚುಕಟ್ಟು ಮಾಡಿದರು. ಒಳ್ಳೆಯ ಕಮಿಷನರ್ ಬಂದ ಮಾತ್ರಕ್ಕೆ ಪೊಗದಿ ಒಂದು ಕಾಸೂ ಕಡಿಮೆಯಾಗಲಿಲ್ಲ ಎಂಬುದು ನನ್ನ ಮನಸ್ಸಿನಿಂದ ಹೋಗುವುದಿಲ್ಲ.

ಆಮೇಲೆ 1876ರಿಂದ 78ರವರೆಗಿನ ಬರ ಬಂತು. 1871ರ ಜನಗಣತಿಯಲ್ಲಿ ಮೈಸೂರಿನ ಜನಸಂಖ್ಯೆ 50 ಲಕ್ಷ 55 ಸಾವಿರ. ಹತ್ತು ವರ್ಷದ ನಂತರ, 1881ರಲ್ಲಿ, 41 ಲಕ್ಷ 86 ಸಾವಿರ. ಈ ಎರಡು ಅಂಕಿಗಳ ನಡುವೆ ಎಷ್ಟು ಊರುಗಳು ಬರಿದಾದವು, ಎಷ್ಟು ಒಲೆಗಳು ಆರಿಹೋದವು ಎಂದು ಊಹಿಸಿಕೊಳ್ಳಿ. ಆ 1881ರಲ್ಲೇ, ಮಾರ್ಚ್ 25ರಂದು, ರಾಜ್ಯವನ್ನು ಚಾಮರಾಜೇಂದ್ರ ಒಡೆಯರಿಗೆ ಮರಳಿ ಕೊಟ್ಟರು. ಕೊಡುವಾಗ ಪೊಗದಿಯನ್ನು 24.5 ಲಕ್ಷದಿಂದ 35 ಲಕ್ಷಕ್ಕೆ ಏರಿಸಿದರು. ಬರದ ಪೆಟ್ಟು ಆರಿರಲಿಲ್ಲವಾದ್ದರಿಂದ ಹೆಚ್ಚಳವನ್ನು ಮುಂದೂಡುತ್ತ ಹೋಗಿ 1896ರಿಂದ ವಸೂಲಿ ಮಾಡಿದರು. ರಾಜ್ಯ ತನ್ನ ನಾಣ್ಯ ಟಂಕಿಸುವಂತಿಲ್ಲ, ಅಪ್ಪಣೆಯಿಲ್ಲದೆ ಕೋಟೆ ಕಟ್ಟುವಂತಿಲ್ಲ. ಉಪ್ಪು, ಅಫೀಮಿನ ವಿಷಯದಲ್ಲೂ ಸಾಮ್ರಾಜ್ಯದ ಇಚ್ಛೆಯೇ ನಡೆಯಬೇಕು.

ಇದೇ ಹೊತ್ತಿಗೆ ಕೋಲಾರದ ನೆಲದಡಿಯ ಚಿನ್ನ ಲಂಡನ್ನಿನ ಗಮನಕ್ಕೆ ಬಂದಿತ್ತು. ಜಾನ್ ವಾರೆನ್ ಎಂಬ ಸೈನ್ಯಾಧಿಕಾರಿ 1802ರಲ್ಲೇ ಮಾರಿಕುಪ್ಪಂ ಸುತ್ತಿನ ಜನ ಮಣ್ಣು ತೊಳೆದು ಚಿನ್ನ ತೆಗೆಯುವುದನ್ನು ನೋಡಿ ಬರೆದಿದ್ದ. ನ್ಯೂಜಿಲೆಂಡಿನ ಯುದ್ಧ ಮುಗಿಸಿ ಬೆಂಗಳೂರಿಗೆ ಬಂದಿದ್ದ ಮೈಕೆಲ್ ಲವೆಲ್ 1870ರ ದಶಕದಲ್ಲಿ ಗಣಿ ತೋಡುವ ಹಕ್ಕು ಪಡೆದ, ಹಕ್ಕು ಕೈ ಬದಲಿಸುತ್ತ ಹೋಗಿ 1880ರಲ್ಲಿ ಜಾನ್ ಟೇಲರ್ ಅಂಡ್ ಸನ್ಸ್ ಎಂಬ ಲಂಡನ್ ಸಂಸ್ಥೆ ಕಾಲಿಟ್ಟಿತು. ಅಂದರೆ ಗಣಿಯ ಪರವಾನಗಿಗಳು ಹುಟ್ಟಿದ್ದು ಮೈಸೂರು ತನ್ನ ಕೈಯಲ್ಲಿ ಇಲ್ಲದಿದ್ದ ದಿನಗಳಲ್ಲಿ. 1881ರಲ್ಲಿ ರಾಜ್ಯ ಮರಳಿ ಬಂದಾಗ ಕೋಲಾರದ ಚಿನ್ನದ ವ್ಯವಹಾರ ಆಗಲೇ ಬೇರೆಯವರ ಜೊತೆ ಕುದುರಿಹೋಗಿತ್ತು. ಮೈಸೂರಿಗೆ ಸಿಕ್ಕಿದ್ದು ರಾಜಧನ. ಅದು ಸಣ್ಣ ಮೊತ್ತವಲ್ಲ. ದಿವಾನ್ ಶೇಷಾದ್ರಿ ಅಯ್ಯರ್ ಅವರ ಎಷ್ಟೋ ಕೆಲಸಗಳಿಗೆ ಆ ಹಣ ಬಲ ಕೊಟ್ಟಿತು. ಆದರೆ ಲಾಭಾಂಶ ಹಂಚಿಕೊಂಡವರು ಲಂಡನ್ನಿನ ಷೇರುದಾರರು, ಭೂಮಿಯೊಳಗೆ ಇಳಿದವರು ಉತ್ತರ ಆರ್ಕಾಟು, ಚಿತ್ತೂರಿನ ಬಡ ದಲಿತ ಕುಟುಂಬಗಳ ಗಂಡಸರು. ಚಾಂಪಿಯನ್ ರೀಫ್ ಗಣಿ ಕೊನೆಗೆ ಮೂರು ಕಿಲೋಮೀಟರಿಗಿಂತಲೂ ಆಳ ಹೋಯಿತು. ಅಲ್ಲಿನ ಸೆಕೆ, ಬಂಡೆಸಿಡಿತ, ಶ್ವಾಸಕೋಶಕ್ಕೆ ಸೇರುವ ಕಲ್ಲಿನ ಧೂಳು, ಯಾವುದೂ ಲಾಭಾಂಶದ ಪಟ್ಟಿಯಲ್ಲಿ ಕಾಣಿಸುವಂಥದ್ದಲ್ಲ.

ವಿದ್ಯುತ್ತಿನ ವಿಷಯವನ್ನು ನಮ್ಮ ನಗರದವರು ವಿಶೇಷವಾಗಿ ಗಮನಿಸಬೇಕು. 1902ರ ಜೂನ್ 30ರಂದು ಶಿವನಸಮುದ್ರದಲ್ಲಿ ತಯಾರಾದ ವಿದ್ಯುತ್ತು 147 ಕಿಲೋಮೀಟರ್ ತಂತಿಯ ಮೇಲೆ ಹರಿದು ಕೋಲಾರದ ಗಣಿಗಳಿಗೆ ಮುಟ್ಟಿತು. ಆ ಕಾಲಕ್ಕೆ ಜಗತ್ತಿನ ಅತಿ ಉದ್ದದ ತಂತಿಮಾರ್ಗಗಳಲ್ಲಿ ಒಂದು. ಮೈಸೂರು ಸರ್ಕಾರದ ಧೈರ್ಯದ ಕೆಲಸ, ನಾವು ಹೆಮ್ಮೆಪಡಬೇಕಾದದ್ದೇ. ಕಾವೇರಿಯ ವಿದ್ಯುತ್ತಿನಿಂದ ಬೆಂಗಳೂರಿನ ಬೀದಿ ಬೆಳಗಿದ್ದು 1905ರ ಆಗಸ್ಟಿನಲ್ಲಿ. ಮೂರು ವರ್ಷ ಮೊದಲು ಗಣಿ, ಆಮೇಲೆ ಊರು. ಕೊಳ್ಳುವ ಶಕ್ತಿ ಇದ್ದದ್ದು ಗಣಿಯ ಕಂಪನಿಗೆ, ಹಾಗಾಗಿ ತಂತಿ ಮೊದಲು ಆ ದಿಕ್ಕಿಗೆ ಹೋಯಿತು. 1911ರಲ್ಲಿ ಕನ್ನಂಬಾಡಿ ಕಟ್ಟೆಯ ಕೆಲಸ ಶುರುವಾದಾಗಲೂ ಬೇಸಗೆಯಲ್ಲಿ ಶಿವನಸಮುದ್ರಕ್ಕೆ ನೀರು ತಪ್ಪದೆ ಹರಿದು ಗಣಿಗಳಿಗೆ ವಿದ್ಯುತ್ತು ನಿಲ್ಲದಿರಲಿ ಎಂಬುದು ವಿಶ್ವೇಶ್ವರಯ್ಯನವರ ಮುಖ್ಯ ವಾದಗಳಲ್ಲಿ ಒಂದಾಗಿತ್ತು. ಮಂಡ್ಯದ ಗದ್ದೆಗಳಿಗೆ ನೀರು ಹರಿಸುವ ಕನಸು ಕಂಡವರು ಕೂಡ ಗಣಿಯ ಕಂಪನಿಯ ಬೇಡಿಕೆಯ ಆಸರೆ ಹಿಡಿದೇ ನಡೆಯಬೇಕಾಯಿತು. ಅವರನ್ನು ದೂರಲು ಈ ಮಾತಲ್ಲ. ಕೈ ಕಟ್ಟಿದ ಸ್ಥಿತಿಯಲ್ಲೂ ಅಷ್ಟು ಸಾಧಿಸಿದರಲ್ಲ ಎಂದು ನನಗೆ ಅವರ ಮೇಲೆ ಗೌರವ ಹೆಚ್ಚುತ್ತದೆ. ಮೈಸೂರಿಗೆ ಒಂದು ಬಂದರು ಬೇಕೆಂದು ಭಟ್ಕಳದ ಕಡೆ ಕಣ್ಣಿಟ್ಟು ವಿಶ್ವೇಶ್ವರಯ್ಯನವರು ಪಟ್ಟ ಪ್ರಯತ್ನವನ್ನು ಇಲ್ಲಿ ನೆನೆಯಬೇಕು. ಅದು ಕೈಗೂಡಲಿಲ್ಲ.

ಸಮುದ್ರ ಕಳೆದುಕೊಂಡ ನಾಡು ಇನ್ನೂ ಒಂದಿದೆ, ಕೇಳಿ. ದಕ್ಷಿಣ ಅಮೆರಿಕದ ಬೊಲಿವಿಯಾಕ್ಕೆ ಒಮ್ಮೆ ಪೆಸಿಫಿಕ್ ತೀರದಲ್ಲಿ ಅಂತೊಫಗಸ್ತ ಎಂಬ ಬಂದರಿತ್ತು. ಅಲ್ಲಿ ಚಿಲಿ ಮತ್ತು ಬ್ರಿಟಿಷ್ ಬಂಡವಾಳದ ಒಂದು ಕಂಪನಿ ಗೊಬ್ಬರಕ್ಕೂ ಸಿಡಿಮದ್ದಿಗೂ ಬೇಕಾದ ನೈಟ್ರೇಟ್ ಉಪ್ಪನ್ನು ತೋಡುತ್ತಿತ್ತು. 1878ರಲ್ಲಿ ಬೊಲಿವಿಯಾ ಪ್ರತಿ ಕ್ವಿಂಟಲಿಗೆ 10 ಸೆಂಟಾವೊ ತೆರಿಗೆ ಹಾಕಿತು. ಕಂಪನಿ ಒಪ್ಪಲಿಲ್ಲ. 1879ರ ಫೆಬ್ರುವರಿ 14ರಂದು ಚಿಲಿಯ ಸೈನ್ಯ ಆ ಬಂದರಿನಲ್ಲಿ ಇಳಿಯಿತು. ಯುದ್ಧದಲ್ಲಿ ಬೊಲಿವಿಯಾ ಇಡೀ ಕರಾವಳಿ ಕಳೆದುಕೊಂಡಿತು. ಇಂದಿಗೂ ಆ ದೇಶದ ನೌಕಾಪಡೆ ಟಿಟಿಕಾಕಾ ಸರೋವರದಲ್ಲಿ ದೋಣಿ ನಡೆಸುತ್ತದೆ, ಪ್ರತಿವರ್ಷ ಮಾರ್ಚಿನಲ್ಲಿ ಸಮುದ್ರದ ದಿನ ಆಚರಿಸುತ್ತದೆ. ಇರಾನಿನ ಕಥೆ ನಿಮಗೆ ಹೆಚ್ಚು ಪರಿಚಿತ. 1951ರಲ್ಲಿ ಪ್ರಧಾನಿ ಮೊಸಾದೆಕ್ ಬ್ರಿಟಿಷರ ಕೈಯಲ್ಲಿದ್ದ ತೈಲವನ್ನು ರಾಷ್ಟ್ರೀಕರಣ ಮಾಡಿದರು. 1953ರ ಆಗಸ್ಟಿನಲ್ಲಿ ಬ್ರಿಟನ್, ಅಮೆರಿಕಗಳ ಗುಪ್ತಚರರ ಕೈವಾಡದಿಂದ ಅವರು ಪದಚ್ಯುತರಾದರು. ಕಮ್ಯುನಿಸಂ ತಡೆಯಲು ಎಂಬ ಕಾರಣ ಕೊಡಲಾಯಿತು. ಮರುವರ್ಷ ತೈಲದ ಹೊಸ ಹಂಚಿಕೆಯಾದಾಗ ಅಮೆರಿಕದ ಕಂಪನಿಗಳಿಗೆ ಶೇ. 40 ಪಾಲು ಬಂತು. ಮೊದಲು ಆ ತೈಲದಲ್ಲಿ ಅವುಗಳಿಗೆ ಪಾಲೇ ಇರಲಿಲ್ಲ. ತಿರುವಾಂಕೂರಿನ ರಕ್ಷಣೆಗೆ ಬಂದವರು ಮಲಬಾರನ್ನು ಇಟ್ಟುಕೊಂಡ ಹಾಗೆಯೇ ಇದೂ. ಹೇಳಿದ ಕಾರಣ ನಿಜವೋ ಸುಳ್ಳೋ ಎಂಬ ಚರ್ಚೆಯಲ್ಲೇ ನಾವು ದಣಿಯುತ್ತೇವೆ. ಕಾರಣ ನಿಜವೇ ಇದ್ದರೂ, ಕೊನೆಗೆ ಬಂದರು ಯಾರದಾಯಿತು, ಗಣಿ ಯಾರದಾಯಿತು, ಸುಂಕ ಯಾರ ಪೆಟ್ಟಿಗೆಗೆ ಬಿತ್ತು ಎಂದು ಕೇಳುವ ಅಭ್ಯಾಸ ನಮಗಿರಬೇಕು ಎಂಬುದು ನನ್ನ ಗಟ್ಟಿ ನಂಬಿಕೆ.

ಈಗ ರೇಷ್ಮೆ. ಬಸವನಗುಡಿಯಿಂದ ಬನಶಂಕರಿ ಕಡೆಗೆ ಬಸ್ಸಿನಲ್ಲಿ ಹೋಗುವಾಗ ಟಾಟಾ ಸಿಲ್ಕ್ ಫಾರಂ ಎಂಬ ನಿಲ್ದಾಣ ಬರುತ್ತದೆ. ಹತ್ತೊಂಬತ್ತನೆಯ ಶತಮಾನದ ಕೊನೆಗೆ ಜಮ್ಷೆಡ್‌ಜಿ ಟಾಟಾ ಅವರು ಜಪಾನಿನ ತಜ್ಞರನ್ನು ಕರೆಸಿ ರೇಷ್ಮೆಹುಳು ಸಾಕಣೆಯ ಹೊಸ ಕ್ರಮ ಕಲಿಸಿದ ಜಾಗ ಅದು. ಟಿಪ್ಪುವಿನ ಕಾಲದಲ್ಲಿ ಬೇರೂರಿದ ಕಸುಬು ಕನಕಪುರ, ಚನ್ನಪಟ್ಟಣ, ಶಿಡ್ಲಘಟ್ಟದ ಮನೆಮನೆಗೂ ಹಬ್ಬಿತ್ತು. ಹಿಪ್ಪುನೇರಳೆ ಸೊಪ್ಪು ಕುಯ್ದು, ಹುಳು ಹಣ್ಣಾಗುವಾಗ ನಿದ್ದೆಗೆಟ್ಟು, ಚಂದ್ರಂಕಿಯ ಮೇಲೆ ಬಿಟ್ಟು ಗೂಡು ಕಟ್ಟಿಸುವ ಹೆಂಗಸರ ದುಡಿಮೆಯ ಮೇಲೆ ನಿಂತ ಕಸುಬು.

1930ರ ದಶಕದ ಮೊದಲಲ್ಲಿ ಜಪಾನು, ಚೀನಾದ ಅಗ್ಗದ ರೇಷ್ಮೆ ಭಾರತದ ಮಾರುಕಟ್ಟೆಗೆ ನುಗ್ಗಿತು. ಜಗತ್ತೆಲ್ಲ ಮುಗ್ಗಟ್ಟು, 1931ರ ಡಿಸೆಂಬರಿನಲ್ಲಿ ಜಪಾನ್ ಚಿನ್ನದ ಆಧಾರ ಬಿಟ್ಟ ಮೇಲೆ ಯೆನ್ ಕುಸಿದು ಅಲ್ಲಿನ ಮಾಲು ಇನ್ನೂ ಅಗ್ಗವಾಯಿತು. ಮೈಸೂರಿನ ಗೂಡಿನ ಬೆಲೆ ನೆಲಕಚ್ಚಿತು, ರೈತರು ಹಿಪ್ಪುನೇರಳೆ ಗಿಡಗಳನ್ನು ಕಿತ್ತುಹಾಕತೊಡಗಿದರು. ಯಾವ ಸ್ವತಂತ್ರ ದೇಶವಾದರೂ ತನ್ನ ಬಂದರಿನಲ್ಲಿ ಸುಂಕ ಏರಿಸಿ ಆಮದನ್ನು ತಡೆಯುತ್ತಿತ್ತು. ಮೈಸೂರಿಗೆ ಬಂದರೇ ಇರಲಿಲ್ಲ. ಇಲ್ಲಿ 1799 ಮತ್ತೆ ಎದುರು ಬಂದು ನಿಲ್ಲುತ್ತದೆ. ಮೈಸೂರು ಸರ್ಕಾರ ಭಾರತ ಸರ್ಕಾರದ ಸುಂಕ ಮಂಡಳಿಯ ಮುಂದೆ ಅಹವಾಲು ಹೇಳಿಕೊಳ್ಳಬೇಕಾಯಿತು. ವಿಚಾರಣೆ ನಡೆದು 1934ರಲ್ಲಿ ರಕ್ಷಣಾ ಸುಂಕವೇನೋ ಬಂತು, ಸಾಲುವಷ್ಟು ಬರಲಿಲ್ಲ. ನೂರಕ್ಕೂ ಹೆಚ್ಚು ವರ್ಷ ಪೊಗದಿ ಕೊಟ್ಟ ರಾಜ್ಯ, ತನ್ನ ಬೆಳೆಗಾರರ ಬೆಲೆ ಉಳಿಸಲು ಅರ್ಜಿ ಹಿಡಿದು ನಿಂತಿತ್ತು. ಮುಂದೆ ಎರಡನೆಯ ಮಹಾಯುದ್ಧ ಬಂದು ಜಪಾನಿನ ರೇಷ್ಮೆ ನಿಂತುಹೋದಾಗ, ಪ್ಯಾರಾಚೂಟಿಗೆ ಬಟ್ಟೆ ಬೇಕೆಂದು ಇದೇ ಸಾಮ್ರಾಜ್ಯಕ್ಕೆ ಮೈಸೂರಿನ ರೇಷ್ಮೆ ಒಮ್ಮೆಲೇ ಅತ್ಯಗತ್ಯವಾಯಿತು. ಯುದ್ಧ ಮುಗಿದೊಡನೆ ಆ ಬೇಡಿಕೆಯೂ ಮುಗಿಯಿತು.

ಸ್ವಾತಂತ್ರ್ಯ ಬಂದ ಮೇಲೆ, 1949ರಲ್ಲಿ ಕೇಂದ್ರ ರೇಷ್ಮೆ ಮಂಡಳಿ ಹುಟ್ಟಿತು. ಬಿ.ಟಿ.ಎಂ. ಲೇಔಟಿನ ಅಂಚಿನಲ್ಲಿ, ನಾವೆಲ್ಲ ವಾಹನಗಳ ಸಾಲಿನಲ್ಲಿ ಕಾದು ನಿಲ್ಲುವ ಸಿಲ್ಕ್ ಬೋರ್ಡ್ ಕೂಡುರಸ್ತೆಗೆ ಹೆಸರು ಬಂದದ್ದು ಅದರಿಂದ. ಆ ಹೆಸರಿನ ಹಿಂದೆ 1930ರ ದಶಕದ ಬೆಳೆಗಾರರ ಸಂಕಟವಿದೆ ಎಂದು ದಿನವೂ ಅಲ್ಲಿ ಹಾದುಹೋಗುವ ಎಳೆಯರಿಗೆ ತಿಳಿಸಬೇಕು. 1956 ಇನ್ನೂ ದೊಡ್ಡ ವರ್ಷ. ಮೈಸೂರು ಸರ್ಕಾರ ಕೋಲಾರದ ಗಣಿಗಳನ್ನು ರಾಷ್ಟ್ರೀಕರಣ ಮಾಡಿದ್ದು ಆ ವರ್ಷ. ನವೆಂಬರ್ 1ರಂದು ಮಂಗಳೂರು, ಕಾರವಾರಗಳು ಮೈಸೂರು ರಾಜ್ಯಕ್ಕೆ ಸೇರಿದ್ದೂ ಆ ವರ್ಷ. ನೂರ ಐವತ್ತೇಳು ವರ್ಷದ ನಂತರ ಕಡಲು ಮರಳಿ ಬಂತು. ಏಕೀಕರಣವನ್ನು ಭಾಷೆಯ ಹಬ್ಬವಾಗಿ ಆಚರಿಸುತ್ತೇವೆ, ಸರಿ. ಒಡೆದುಹೋದ ಒಂದು ಆರ್ಥಿಕ ನಕ್ಷೆ ಅಂದು ಮತ್ತೆ ಕೂಡಿತು ಎಂಬುದನ್ನೂ ಅದರ ಜೊತೆ ನೆನೆದರೆ ಹಬ್ಬಕ್ಕೆ ತೂಕ ಹೆಚ್ಚುತ್ತದೆ. ಗಣಿ ಕೈಗೆ ಬರುವ ಹೊತ್ತಿಗೆ ಅದರ ಶ್ರೀಮಂತ ದಿನಗಳು ಕಳೆದಿದ್ದವು ಎಂಬುದು ದುಃಖದ ಸಂಗತಿ. 2001ರ ಫೆಬ್ರುವರಿ 28ರಂದು ಅದು ಮುಚ್ಚಿತು. ಅದಕ್ಕೆ ಹತ್ತು ವರ್ಷ ಮೊದಲು, 1991ರಲ್ಲಿ, ವಿದೇಶಿ ವಿನಿಮಯ ಬತ್ತಿಹೋಗಿ ಭಾರತ ಸುಮಾರು 47 ಟನ್ ಚಿನ್ನವನ್ನು ಸಾಲಕ್ಕಾಗಿ ಹೊರಗೆ ಅಡವಿಟ್ಟಾಗ ಅದು ಹೋದದ್ದು ಲಂಡನ್ನಿಗೇ.

ಹೊರಗಿನವರ ಕೈ ಯಾವಾಗಲೂ ಕೆಡುಕೇ ಮಾಡುತ್ತದೆ ಎಂದು ನಾನು ಹೇಳುವುದಿಲ್ಲ. 1980ರ ದಶಕದಲ್ಲಿ ವಿಶ್ವಬ್ಯಾಂಕಿನ ಸಾಲದಿಂದ ಕರ್ನಾಟಕದ ರೇಷ್ಮೆ ಯೋಜನೆ ನಡೆಯಿತು. 1991ರಿಂದ ಜಪಾನಿನ ಸಹಕಾರದಲ್ಲಿ ಮೈಸೂರಿನ ರೇಷ್ಮೆ ಸಂಶೋಧನಾ ಸಂಸ್ಥೆಯಲ್ಲಿ ದ್ವಿತಳಿ ರೇಷ್ಮೆಯ ಕೆಲಸ ಶುರುವಾಯಿತು. ಅದರಿಂದ ನೂಲಿನ ಗುಣ ಹೆಚ್ಚಿದ್ದು ನಿಜ, ರೈತರಿಗೆ ಲಾಭವಾದದ್ದೂ ನಿಜ. ಜಪಾನಿನ ತಜ್ಞರು ಮನಸ್ಸಿಟ್ಟು ಕಲಿಸಿದರು. ಆದರೆ ಇದನ್ನೂ ಯೋಚಿಸಿ: 1930ರ ದಶಕದಲ್ಲಿ ನಮ್ಮ ಗೂಡಿನ ಬೆಲೆ ಮುರಿದ ದೇಶ 1990ರ ದಶಕದಲ್ಲಿ ಗುಟ್ಟುಗಳನ್ನು ಕೈತುಂಬ ಕೊಟ್ಟದ್ದು ಹೇಗೆ? ಆ ಹೊತ್ತಿಗೆ ಅದರ ಸ್ವಂತ ರೇಷ್ಮೆ ಕಸುಬು ಕುಗ್ಗಿಹೋಗಿತ್ತು, ಮಾರುಕಟ್ಟೆಯಲ್ಲಿ ನಾವು ಅದಕ್ಕೆ ಪ್ರತಿಸ್ಪರ್ಧಿಗಳಾಗಿ ಉಳಿದಿರಲಿಲ್ಲ. ಹಿತಾಸಕ್ತಿ ಬದಲಾದಾಗ ಸಹಾಯದ ಬಾಗಿಲು ತೆರೆಯುತ್ತದೆ. ಹಾಗೆ ತೆರೆದಾಗ ಸಂಕೋಚವಿಲ್ಲದೆ ಒಳಗೆ ಹೋಗಿ ಕಲಿತುಕೊಳ್ಳಬೇಕು. ನಮ್ಮ ವಿಜ್ಞಾನಿಗಳು ಅದನ್ನೇ ಮಾಡಿದರು.

ನಂತರದ ಸ್ಪರ್ಧೆ ಚೀನಾದ್ದು. ಅಲ್ಲಿನ ಕಚ್ಚಾ ರೇಷ್ಮೆಯ ಮೇಲೆ ಭಾರತ 2003ರಲ್ಲಿ ಸುರಿವಿರೋಧಿ (ಆಂಟಿ ಡಂಪಿಂಗ್) ಸುಂಕ ಹಾಕಿತು. 2011ರ ಕೇಂದ್ರ ಬಜೆಟ್ಟಿನಲ್ಲಿ ನೇಕಾರರಿಗೆ ನೂಲು ಅಗ್ಗವಾಗಲೆಂದು ಕಚ್ಚಾ ರೇಷ್ಮೆಯ ಆಮದು ಸುಂಕವನ್ನು ಶೇ. 30ರಿಂದ ಶೇ. 5ಕ್ಕೆ ಇಳಿಸಿದರು. ನೇಕಾರರ ಕಷ್ಟವೂ ಕಷ್ಟವೇ. ಆದರೆ ರಾಮನಗರದ ಗೂಡಿನ ಮಾರುಕಟ್ಟೆಯಲ್ಲಿ ಬೆಲೆ ಕುಸಿಯಿತು. ಬೆಳೆಗಾರರು ಬೀದಿಗಿಳಿದರು, ರಸ್ತೆ ತಡೆದರು, ತಮ್ಮ ಶಾಸಕರನ್ನೂ ಸಂಸದರನ್ನೂ ಬಿಡದೆ ಹಿಡಿದು ಕೇಳಿದರು. 1932ರಲ್ಲಿ ಅವರ ಅಜ್ಜಂದಿರಿಗೆ ಹೀಗೆ ಹಿಡಿದು ಕೇಳಲು ತಾವು ಓಟು ಕೊಟ್ಟು ಆರಿಸಿದ ಯಾರೂ ದೆಹಲಿಯಲ್ಲಿ ಇರಲಿಲ್ಲ. 2013ರಲ್ಲಿ ಸುಂಕ ಶೇ. 15ಕ್ಕೆ ಏರಿತು.